ಮಿಣುಕುಹುಳುವಿನ ನೆಲದ ಬಾಳು

ಬೀದರ ಸೀಮೆಯಲ್ಲಿ ಈ ಸಣ್ಣ ಜೀವಿಗೆ ಹೆಸರುಗಳ ಕೊರತೆಯಿಲ್ಲ. ಕನ್ನಡದಲ್ಲಿ ಅದು ಮಿಂಚುಹುಳು, ಮಿಣುಕುಹುಳು. ಭಾಲ್ಕಿ ಔರಾದಗಳ ಮರಾಠಿ ಮನೆಗಳಲ್ಲಿ ಕಾಜವಾ. ಬೀದರ ಪೇಟೆಯ ದಖನಿ ಮಾತಿನಲ್ಲಿ ಜುಗನು. ಸಂಸ್ಕೃತ ಬಲ್ಲವರಿಗೆ ಖದ್ಯೋತ. ಖದ್ಯೋತವೆಂದರೆ ಆಕಾಶದಲ್ಲಿ ಬೆಳಗುವುದು ಎಂದರ್ಥ. ಮಿಂಚು ಎಂಬ ನಮ್ಮ ಮಾತಿನಲ್ಲಿಯೂ ಆಕಾಶದ ನೆನಪೇ ಇದೆ. ರೋಹಿಣಿ ಮಳೆಯ ನಾಲ್ಕು ಹನಿ ಬಿದ್ದು, ಮಿರಗ ಕೂಡುವ ಹೊತ್ತಿಗೆ ಬೇಲಿಯ ಮೇಲೆ ತೇಲುತ್ತ ಬರುವ ಬೆಳಕಿನ ಚುಕ್ಕೆಯನ್ನು ಕಂಡ ಹಿರಿಯರು ಇಂತಹ ಹೆಸರುಗಳನ್ನಿಟ್ಟುದು ಸಹಜವೇ. ಆದರೆ ಈ ಹೆಸರುಗಳು ನಮ್ಮ ಗಮನವನ್ನು ಒಂದೇ ಕಡೆಗೆ ತಿರುಗಿಸಿಬಿಟ್ಟಿವೆ. ಹಾರುವ ಹುಳು ಹಾರುವುದು ಕೆಲವೇ ವಾರ. ಅದಕ್ಕೆ ಹಿಂದಿನ ತಿಂಗಳುಗಟ್ಟಲೆಯ ಜೀವನವನ್ನು ಅದು ಕಳೆಯುವುದು ಆಕಾಶದಲ್ಲಿ ಅಲ್ಲ, ನೆಲದಲ್ಲಿ. ಒದ್ದೆಮಣ್ಣಿನಲ್ಲಿ, ಉದುರಿದ ಎಲೆಯ ಕೆಳಗೆ, ಹೊಲದ ಬದುವಿನ ಹುಲ್ಲಿನ ಬುಡದಲ್ಲಿ. ಆ ನೆಲದ ಬಾಳನ್ನು ಅರಿಯದೆ ಮಿಣುಕುಹುಳುಗಳು ಕಡಿಮೆಯಾದುವೆಂದು ಮರುಗುವುದರಿಂದ ಪ್ರಯೋಜನವಿಲ್ಲವೆಂಬುದೇ ಈ ಲೇಖನದ ವಾದ.

ಕಾಲೇಜಿನ ವಿದ್ಯಾರ್ಥಿಯೊಬ್ಬನನ್ನು ಮಿಣುಕುಹುಳುವಿನ ವಿಷಯವಾಗಿ ಕೇಳಿದರೆ ಅವನು ಸಾಮಾನ್ಯವಾಗಿ ಎರಡು ಪದಗಳಲ್ಲಿ ಉತ್ತರ ಮುಗಿಸುತ್ತಾನೆ: ಲೂಸಿಫೆರಿನ್ ಮತ್ತು ಲೂಸಿಫೆರೇಸ್. ಉತ್ತರ ಸರಿಯೇ. ಆದರೆ ಆ ಎರಡು ಪದಗಳು ಹೇಗೆ ದೊರೆತುವೆಂಬುದನ್ನು ತಿಳಿದರೆ ಅವು ಬರಿಯ ಪದಗಳಾಗಿ ಉಳಿಯುವುದಿಲ್ಲ. 1667ರಲ್ಲಿ ರಾಬರ್ಟ್ ಬಾಯ್ಲ್ ಎಂಬ ಆಂಗ್ಲ ವಿಜ್ಞಾನಿ ಕತ್ತಲಲ್ಲಿ ಹೊಳೆಯುವ ಕೊಳೆತ ಮರದ ತುಂಡೊಂದನ್ನು ಗಾಜಿನ ಪಾತ್ರೆಯೊಳಗಿಟ್ಟು ಗಾಳಿಯನ್ನು ಹೊರಗೆ ಸೆಳೆದನು. ಹೊಳಪು ನಂದಿತು. ಗಾಳಿಯನ್ನು ಮತ್ತೆ ಒಳಗೆ ಬಿಟ್ಟಾಗ ಹೊಳಪು ಮರಳಿತು. ಆಮ್ಲಜನಕವೆಂಬ ಹೆಸರೇ ಇನ್ನೂ ಹುಟ್ಟದಿದ್ದ ಕಾಲವದು. ಆದರೂ ಜೀವಿಗಳ ಬೆಳಕಿಗೆ ಗಾಳಿ ಬೇಕೆಂಬುದು ಅಂದೇ ಸಿದ್ಧವಾಯಿತು. ಆ ಮರದ ಬೆಳಕು ಅಣಬೆಯ ಜಾತಿಯ ಜೀವಿಯದು, ಹುಳುವಿನದಲ್ಲ ಎಂಬುದು ಬೇರೆಯ ಮಾತು.

ಮುಂದಿನ ಹೆಜ್ಜೆಗೆ ಇನ್ನೂರು ವರ್ಷಗಳಿಗೂ ಹೆಚ್ಚು ಕಾಲ ಹಿಡಿಯಿತು. 1885ರಲ್ಲಿ ಫ್ರಾನ್ಸಿನ ರಫಾಯೆಲ್ ದುಬ್ವಾ ಅಮೆರಿಕದ ಉಷ್ಣವಲಯದ ಒಂದು ಹೊಳೆಯುವ ದುಂಬಿಯ ಬೆಳಕಿನ ಅಂಗವನ್ನು ತೆಗೆದುಕೊಂಡು, ಒಂದು ಪಾಲನ್ನು ತಣ್ಣೀರಿನಲ್ಲಿ ಅರೆದನು. ಅದು ಸ್ವಲ್ಪ ಹೊತ್ತು ಹೊಳೆದು ನಂದಿತು. ಇನ್ನೊಂದು ಪಾಲನ್ನು ಬಿಸಿನೀರಿಗೆ ಹಾಕಿದನು. ಅದು ಒಡನೆಯೇ ನಂದಿತು. ನಂದಿದ ಈ ಎರಡು ನೀರುಗಳನ್ನು ತಣಿಸಿ ಕೂಡಿಸಿದಾಗ ಕತ್ತಲಲ್ಲಿ ಮತ್ತೆ ಬೆಳಕು ಮೂಡಿತು. ಇದರ ಅರ್ಥ ಸರಳವಾದುದು. ಬಿಸಿಗೆ ಕೆಡುವ ಕಿಣ್ವವೊಂದಿದೆ. ಬಿಸಿಗೆ ಕೆಡದೆ ಉಳಿಯುವ, ಆದರೆ ಉರಿದು ಮುಗಿಯುವ ಇಂಧನವೊಂದಿದೆ. ತಣ್ಣೀರಿನಲ್ಲಿ ಇಂಧನ ಮುಗಿದು ಕಿಣ್ವ ಉಳಿದಿತ್ತು. ಬಿಸಿನೀರಿನಲ್ಲಿ ಕಿಣ್ವ ಕೆಟ್ಟು ಇಂಧನ ಉಳಿದಿತ್ತು. ಇಂಧನವೇ ಲೂಸಿಫೆರಿನ್, ಕಿಣ್ವವೇ ಲೂಸಿಫೆರೇಸ್. ಎರಡು ಬಟ್ಟಲು ನೀರಿನಿಂದ ಇಷ್ಟು ದೊಡ್ಡ ಸಂಗತಿ ಹೊರಬಿದ್ದುದನ್ನು ಎಷ್ಟು ಮೆಚ್ಚಿದರೂ ಕಡಿಮೆಯೇ.

1947ರಲ್ಲಿ ಅಮೆರಿಕದ ಜಾನ್ಸ್ ಹಾಪ್ಕಿನ್ಸ್ ವಿಶ್ವವಿದ್ಯಾನಿಲಯದ ವಿಲಿಯಂ ಮೆಕೆಲ್ರಾಯ್ ಇನ್ನೊಂದು ಕೊಂಡಿಯನ್ನು ಸೇರಿಸಿದನು. ಅವನು ಬಾಲ್ಟಿಮೋರ್ ನಗರದ ಮಕ್ಕಳಿಗೆ ಹಣ ಕೊಟ್ಟು ಮಿಣುಕುಹುಳುಗಳನ್ನು ಹಿಡಿಸಿ ತರಿಸುತ್ತಿದ್ದನು. ಬೆಳಕಿಗೆ ಲೂಸಿಫೆರಿನ್, ಲೂಸಿಫೆರೇಸ್, ಆಮ್ಲಜನಕಗಳ ಜೊತೆಗೆ ಎ.ಟಿ.ಪಿ. ಎಂಬ ಪದಾರ್ಥವೂ ಬೇಕೆಂದು ಅವನು ತೋರಿಸಿದನು. ಎ.ಟಿ.ಪಿ. ಎಂಬುದು ಪ್ರತಿಯೊಂದು ಜೀವಕೋಶವೂ ತನ್ನ ಕೆಲಸಕ್ಕೆ ಬಳಸುವ ಶಕ್ತಿಯ ನಾಣ್ಯ. ಸ್ನಾಯು ಸಂಕುಚಿತವಾಗುವುದಕ್ಕೂ ಹುಳು ಬೆಳಗುವುದಕ್ಕೂ ಒಂದೇ ನಾಣ್ಯ ಖರ್ಚಾಗುತ್ತದೆ. ಈ ಕಾರಣದಿಂದಲೇ ಇಂದು ಹಾಲು, ನೀರು, ಆಸ್ಪತ್ರೆಯ ಮೇಜು ಇವುಗಳ ಮೇಲೆ ಸೂಕ್ಷ್ಮಜೀವಿಗಳಿವೆಯೇ ಎಂದು ಪರೀಕ್ಷಿಸಲು ಮಿಣುಕುಹುಳುವಿನ ಕಿಣ್ವ ಬಳಕೆಯಲ್ಲಿದೆ: ಜೀವವಿದ್ದಲ್ಲಿ ಎ.ಟಿ.ಪಿ. ಇರುತ್ತದೆ, ಎ.ಟಿ.ಪಿ. ಇದ್ದಲ್ಲಿ ಕಿಣ್ವ ಬೆಳಗುತ್ತದೆ. 1985ರಲ್ಲಿ ಆ ಕಿಣ್ವದ ಜೀನನ್ನು ಬೇರ್ಪಡಿಸಿದ ಮೇಲೆ ಈ ಕೆಲಸಕ್ಕೆ ಹುಳುಗಳನ್ನು ಕೊಲ್ಲುವ ಅಗತ್ಯವೂ ತಪ್ಪಿತು.

ಇಲ್ಲಿ ಒಂದು ಮಾತನ್ನು ಹೇಳದೆ ಮುಂದೆ ಹೋಗಲಾಗದು. ಮಿಣುಕುಹುಳುವಿನ ಬೆಳಕು ನೂರಕ್ಕೆ ನೂರರಷ್ಟು ದಕ್ಷವಾದುದೆಂದು ಅನೇಕ ಪುಸ್ತಕಗಳು ಇಂದಿಗೂ ಬರೆಯುತ್ತವೆ. ಆ ಬೆಳಕಿನಲ್ಲಿ ಬಿಸಿಯಿಲ್ಲವೆಂಬುದು ನಿಜ. ಬಲ್ಬಿನಂತೆ ಅದು ಕಾಯುವುದಿಲ್ಲ. ಆದರೆ ಉರಿದ ಲೂಸಿಫೆರಿನ್ ಅಣುಗಳಲ್ಲಿ ನೂರಕ್ಕೆ ಎಷ್ಟು ಅಣುಗಳು ಒಂದೊಂದು ಬೆಳಕಿನ ಕಣವನ್ನು ಕೊಡುತ್ತವೆಂದು ಅಳೆದಾಗ 1960ರಲ್ಲಿ 88 ಎಂದು ಬಂದಿತು. 2008ರಲ್ಲಿ ಜಪಾನಿನ ವಿಜ್ಞಾನಿಗಳು ಹೆಚ್ಚು ನಿಖರವಾದ ಉಪಕರಣಗಳಿಂದ ಮತ್ತೆ ಅಳೆದರು. 41 ಎಂದು ಬಂದಿತು. ಹುಳುವಿನ ಹಿರಿಮೆ ಇದರಿಂದ ಕುಗ್ಗಲಿಲ್ಲ. ಆದರೆ ಒಬ್ಬರು ಬರೆದುದನ್ನು ಇನ್ನೊಬ್ಬರು ನಕಲು ಮಾಡುವ ನಮ್ಮ ಪುಸ್ತಕಕಾರರು ಆ ಹಳೆಯ ಅಂಕಿಯನ್ನು ಇನ್ನಾದರೂ ಬಿಡಬಹುದು.

ರಸಾಯನಶಾಸ್ತ್ರದ ಕಥೆ ಇಷ್ಟು. ಇದು ಪ್ರಯೋಗಶಾಲೆಯಲ್ಲಿ ಹಿಡಿದು ತಂದ ಹುಳುವಿನ ಕಥೆ. ಹೊಲದಲ್ಲಿರುವ ಹುಳುವಿನ ಕಥೆ ಬೇರೆಯೇ ಇದೆ.

ಮಿಣುಕುಹುಳು ನಿಜವಾಗಿ ದುಂಬಿಯ ಜಾತಿಯದು. ಅದರ ಕುಲಕ್ಕೆ ಲ್ಯಾಂಪಿರಿಡೇ ಎಂದು ಹೆಸರು. ಪ್ರಪಂಚದಲ್ಲಿ ಎರಡು ಸಾವಿರಕ್ಕೂ ಹೆಚ್ಚು ಪ್ರಭೇದಗಳನ್ನು ಗುರುತಿಸಲಾಗಿದೆ. ತಾಯಿ ತೇವವಾದ ಮಣ್ಣಿನಲ್ಲಿಯೋ ಪಾಚಿಯಲ್ಲಿಯೋ ಮೊಟ್ಟೆಯಿಡುತ್ತದೆ. ಮೊಟ್ಟೆಯೊಡೆದು ಬರುವ ಮರಿಹುಳು ಚಪ್ಪಟೆಯಾಗಿ, ಪಟ್ಟಿಪಟ್ಟಿಯಾದ ಫಲಕಗಳನ್ನು ಹೊದ್ದು, ಸಣ್ಣ ಕವಚಧಾರಿಯಂತೆ ತೋರುತ್ತದೆ. ಅದರ ಬಾಲದ ಬಳಿ ಎರಡು ಪುಟ್ಟ ದೀಪಗಳಿರುತ್ತವೆ. ಹಾರುವ ಹುಳುಗಳಲ್ಲಿ ಹಗಲು ತಿರುಗುವ, ಬೆಳಗದ ಜಾತಿಗಳುಂಟು. ಆದರೆ ಇದುವರೆಗೆ ತಿಳಿದಿರುವ ಮಟ್ಟಿಗೆ ಈ ಕುಲದ ಮರಿಹುಳುಗಳೆಲ್ಲವೂ ಬೆಳಗುತ್ತವೆ. ಆದುದರಿಂದ ಈ ಬೆಳಕು ಮೊದಲು ಹುಟ್ಟಿದುದು ಪ್ರಣಯಕ್ಕಾಗಿ ಅಲ್ಲ, ಮರಿಯ ರಕ್ಷಣೆಗಾಗಿ ಎಂದು ಈಗಿನ ವಿಜ್ಞಾನಿಗಳು ಭಾವಿಸುತ್ತಾರೆ. ಮರಿಹುಳು ತಿನ್ನಲು ಕಹಿ. ಕೆಲವು ಜಾತಿಗಳಲ್ಲಿ ವಿಷವೂ ಉಂಟು. ಒಮ್ಮೆ ಬಾಯಿಗೆ ಹಾಕಿಕೊಂಡು ಉಗಿದ ಕಪ್ಪೆ ಮುಂದೆ ಆ ಬೆಳಕನ್ನು ಕಂಡರೆ ದೂರ ಸರಿಯುತ್ತದೆ. ಇರುಳಿನಲ್ಲಿ ಬಣ್ಣ ಕಾಣದು. ಬೆಳಕೇ ಎಚ್ಚರಿಕೆಯ ಫಲಕ. ಹೀಗೆ ಶತ್ರುವಿಗೆ ಹಚ್ಚಿದ ದೀಪವನ್ನೇ ಮುಂದೆ ದೊಡ್ಡ ಹುಳುಗಳು ಸಂಗಾತಿಯನ್ನು ಕರೆಯಲು ಬಳಸಿಕೊಂಡುವು.

ಆ ಕರೆಯುವಿಕೆಯೂ ನಿಯಮಬದ್ಧವಾದುದೇ. ಗಂಡು ಹಾರುತ್ತ ತನ್ನ ಜಾತಿಯ ತಾಳಕ್ಕೆ ಸರಿಯಾಗಿ ಮಿನುಗುತ್ತದೆ; ಹುಲ್ಲಿನ ಮೇಲೆ ಕುಳಿತ ಹೆಣ್ಣು ಗೊತ್ತಾದ ಅಂತರದ ಮೇಲೆ ಉತ್ತರ ಕೊಡುತ್ತದೆ. ಅಮೆರಿಕದ ಒಂದು ಸಾಮಾನ್ಯ ಜಾತಿಯಲ್ಲಿ ಈ ಅಂತರ ಸುಮಾರು ಎರಡು ಸೆಕೆಂಡು. ಇನ್ನೊಂದು ಜಾತಿಯ ಹೆಣ್ಣು ಪರಜಾತಿಯ ತಾಳವನ್ನು ಅನುಕರಿಸಿ, ನಂಬಿ ಬಂದ ಗಂಡನ್ನು ಹಿಡಿದು ತಿಂದುಬಿಡುತ್ತದೆಂದು ಜೇಮ್ಸ್ ಲಾಯ್ಡ್ 1965ರಲ್ಲಿ ತೋರಿಸಿದನು. ಇನ್ನು ಕೆಲವು ಜಾತಿಗಳಲ್ಲಿ ಹೆಣ್ಣಿಗೆ ರೆಕ್ಕೆಯೇ ಇಲ್ಲ. ಅದು ಕೊನೆಯವರೆಗೂ ಮರಿಹುಳುವಿನ ರೂಪದಲ್ಲಿಯೇ ಇದ್ದು, ಹುಲ್ಲಿನ ಕಡ್ಡಿಯನ್ನೇರಿ, ಬಾಲವನ್ನು ಮೇಲಕ್ಕೆ ತಿರುಗಿಸಿ, ಮಿನುಗದೆ ಸ್ಥಿರವಾಗಿ ಹೊಳೆಯುತ್ತ ಕಾಯುತ್ತದೆ. ಐರೋಪ್ಯರು ಬೇರೆಯ ಹೆಸರಿಟ್ಟು ಕರೆಯುವ ಹೊಳೆಯುವ ನೆಲಹುಳು ಇದೇ. ಭಾರತ ಸಿಂಹಳಗಳಲ್ಲಿ ಲ್ಯಾಂಪ್ರಿಗೆರಾ ಎಂಬ ಗಣದ ಹೆಣ್ಣುಗಳು ಈ ಬಗೆಯವು. ಬೆರಳುದ್ದ ಬೆಳೆಯುವ ಇವುಗಳನ್ನು ಮಿಣುಕುಹುಳುವೆಂದು ನಂಬುವುದೇ ಕಷ್ಟ.

ಇನ್ನು ಮರಿಹುಳುವಿನ ಊಟದ ವಿಚಾರ. ಹಾರುವ ಹುಳುಗಳಲ್ಲಿ ಹಲವು ಏನನ್ನೂ ತಿನ್ನುವುದಿಲ್ಲ. ಜೀವಮಾನದ ಊಟವೆಲ್ಲ ಮರಿಯ ಕಾಲದಲ್ಲಿಯೇ ಮುಗಿದಿರುತ್ತದೆ. ಊಟವೆಂದರೆ ಮುಖ್ಯವಾಗಿ ಬಸವನಹುಳು, ಗೊಂಡೆಹುಳು, ಕೆಲವಕ್ಕೆ ಎರೆಹುಳು. ತನಗಿಂತ ಎಷ್ಟೋ ಪಟ್ಟು ದೊಡ್ಡದಾದ ಬಸವನಹುಳುವನ್ನು ಈ ಮರಿ ಲೋಳೆಯ ಜಾಡು ಹಿಡಿದು ಹಿಂಬಾಲಿಸುತ್ತದೆ. ಕುಡುಗೋಲಿನಂತೆ ಬಾಗಿದ ಅದರ ದವಡೆಗಳೊಳಗೆ ಕೊಳವೆಯಿದೆ. ಅವುಗಳಿಂದ ಮೆಲ್ಲನೆ ಹಲವು ಸಲ ಚುಚ್ಚುತ್ತದೆ. ಬಸವನಹುಳು ನಿಶ್ಚೇಷ್ಟಿತವಾಗುತ್ತದೆ. ಫ್ರಾನ್ಸಿನ ಕೀಟಶಾಸ್ತ್ರಜ್ಞ ಜಾನ್ ಹೆನ್ರಿ ಫಾಬ್ರ ಇದನ್ನು ವೈದ್ಯರು ಶಸ್ತ್ರಕ್ರಿಯೆಗೆ ಮೊದಲು ಕೊಡುವ ಅರಿವಳಿಕೆಗೆ ಹೋಲಿಸಿದ್ದಾನೆ. ಅನಂತರ ಮರಿ ಮಾಂಸವನ್ನು ಚಿಪ್ಪಿನಲ್ಲಿಯೇ ಕರಗಿಸಿ, ಗಂಜಿಯಂತೆ ಹೀರುತ್ತದೆ; ಊಟ ಮುಗಿದ ಮೇಲೆ ಬಾಲದ ತುದಿಯ ಕುಂಚದಂತಹ ಅಂಗದಿಂದ ಮೈಗೆ ಅಂಟಿದ ಲೋಳೆಯನ್ನು ಒರೆಸಿಕೊಳ್ಳುತ್ತದೆ. ಯೂರೋಪಿನ ಜಾತಿಯಲ್ಲಿ ಈ ಜೀವನ ಒಂದೆರಡು ವರ್ಷವೇ ನಡೆಯುತ್ತದೆ. ಹೊಳೆಯುವ ಪ್ರೌಢಾವಸ್ಥೆ ಎರಡು ಮೂರು ವಾರ.

ಈ ಊಟದ ಸಂಗತಿ ಕೌತುಕಕ್ಕಾಗಿ ಹೇಳಿದುದಲ್ಲ. ಆಫ್ರಿಕದ ದೊಡ್ಡ ಬಸವನಹುಳು 1847ರಲ್ಲಿ ಬೆನ್ಸನ್ ಎಂಬ ಆಂಗ್ಲನೊಬ್ಬನಿಂದ ಮಾರಿಷಸಿನಿಂದ ಕಲ್ಕತ್ತೆಯ ತೋಟಕ್ಕೆ ಬಂದು, ಅಲ್ಲಿಂದ ದೇಶದ ಹಲವು ಕಡೆಗೆ ಹರಡಿತು. ಸಿಂಹಳಕ್ಕೂ ಅದು ಹೊಕ್ಕಿತು. ಅಲ್ಲಿಯ ಕೃಷಿ ಇಲಾಖೆಯ ಹಟ್ಸನ್ ಮತ್ತು ಆಸ್ಟಿನ್ 1924ರಲ್ಲಿ ಭಾರತೀಯ ಮಿಣುಕುಹುಳುವಿನ ನಡೆನುಡಿ, ಜೀವನಚರಿತ್ರೆಗಳನ್ನು ಕುರಿತು ಒಂದು ಪುಸ್ತಿಕೆಯನ್ನು ಬರೆದರು. ಅವರ ಹುಳು ಮೇಲೆ ಹೇಳಿದ ಲ್ಯಾಂಪ್ರಿಗೆರಾ. ಅದರ ಮರಿ ಆ ದೊಡ್ಡ ಬಸವನಹುಳುವನ್ನೂ ಬೇಟೆಯಾಡಬಲ್ಲದು. ಸರಕಾರಿ ಕೃಷಿ ಇಲಾಖೆಯೊಂದು ಮಿಣುಕುಹುಳುವಿನ ಮೇಲೆ ಪುಸ್ತಿಕೆ ಪ್ರಕಟಿಸಿತೆಂಬುದನ್ನು ನಮ್ಮ ವಿದ್ಯಾರ್ಥಿಗಳು ಗಮನಿಸತಕ್ಕದ್ದು. ಕವಿಗಳ ವಸ್ತುವೆಂದು ನಾವು ಬದಿಗಿಟ್ಟ ಹುಳುವನ್ನು ಅವರು ರೈತನ ಕಣ್ಣಿನಿಂದ ನೋಡಿದರು.

ಈಗ ನಮ್ಮ ಗಡಿಯ ಸಂಗತಿಗೆ ಬರೋಣ. 2022ರ ಮಳೆಗಾಲದಲ್ಲಿ ಬೀದರಕ್ಕೆ ಹೊಂದಿಕೊಂಡಿರುವ ಲಾತೂರಿನಲ್ಲಿಯೂ ಅದರಾಚೆಯ ಬೀಡ್, ಉಸ್ಮಾನಾಬಾದ್ ಜಿಲ್ಲೆಗಳಲ್ಲಿಯೂ ಬಸವನಹುಳುಗಳು ಮೊಳಕೆಯೊಡೆದ ಸೋಯಾ ಬೆಳೆಯನ್ನು ಹೊಲಹೊಲವಾಗಿ ತಿಂದು ಮುಗಿಸಿದುವು. ರೈತರು ಎರಡನೆಯ ಸಲ ಬಿತ್ತಬೇಕಾಯಿತು. ಭಾಲ್ಕಿ ಔರಾದಗಳ ಕಪ್ಪು ನೆಲದಲ್ಲಿಯೂ ಮುಂಗಾರಿನ ಮುಖ್ಯ ಬೆಳೆ ಸೋಯಾ ಆಗಿದೆ. ಜೋಳ, ಹೆಸರು, ಉದ್ದು, ತೊಗರಿಗಳ ನೆರೆಯಲ್ಲಿ ಅದು ಬಹಳ ಹೊಲಗಳನ್ನು ಹಿಡಿದಿದೆ. ಶಂಖದ ಹುಳು ಎಂದರೆ ಇಲ್ಲಿಯ ರೈತ ಇಂದು ಬೆಚ್ಚುವುದು ಸುಮ್ಮನೆ ಅಲ್ಲ.

ಮಿಣುಕುಹುಳುಗಳಿದ್ದಿದ್ದರೆ ಲಾತೂರಿನ ಸೋಯಾ ಉಳಿಯುತ್ತಿತ್ತೆಂದು ನಾನು ಹೇಳಲಾರೆ. ಅಂತಹ ಮಾತು ವಿಜ್ಞಾನವಲ್ಲ. ವರ್ಷಕ್ಕೊಂದು ಸಲ ಮರಿ ಮಾಡುವ ನಿಧಾನದ ಬೇಟೆಗಾರ, ಒಂದೇ ಮಳೆಗೆ ಲಕ್ಷಗಟ್ಟಲೆ ಹೊರಬೀಳುವ ಶತ್ರುವನ್ನು ತಡೆಯಲಾರದು. ನಾನು ಹೇಳುವುದು ಇಷ್ಟೆ: ಬದುವಿನ ಹುಲ್ಲಿನಲ್ಲಿ ಬಸವನಹುಳುಗಳನ್ನು ಪ್ರತಿವರ್ಷ ಸದ್ದಿಲ್ಲದೆ ತಿನ್ನುತ್ತಿದ್ದ ಹಲವು ಜೀವಿಗಳಿವೆ, ಕಪ್ಪೆ, ಹಕ್ಕಿ, ನೆಲದುಂಬಿಗಳ ಸಾಲಿನಲ್ಲಿ ಮಿಣುಕುಹುಳುವಿನ ಮರಿಯೂ ಒಂದು. ಆ ಸಾಲನ್ನು ನಾವು ಲೆಕ್ಕಿಸದೆ ಅಳಿಸುತ್ತಿದ್ದೇವೆ. ಬದುವನ್ನು ಉತ್ತು ಹೊಲಕ್ಕೆ ಸೇರಿಸಿದರೆ ಎರಡು ಸಾಲು ಸೋಯಾ ಹೆಚ್ಚು ಬರುತ್ತದೆ, ನಿಜ. ಆದರೆ ಮರಿಹುಳು ಬೇಸಗೆಯನ್ನು ಕಳೆಯುತ್ತಿದ್ದ ಮನೆ ಹೋಯಿತು. ಉಳಿದ ಕಸವನ್ನು ಕಳೆನಾಶಕ ಸುಡುತ್ತದೆ. ಬೀಜಕ್ಕೆ ಹಚ್ಚುವ ಕ್ಲೋಥಯಾನಿಡಿನ್ ಜಾತಿಯ ಕೀಟನಾಶಕಗಳು ಮಣ್ಣಿನಲ್ಲಿ ಉಳಿಯುತ್ತವೆ. ಅಂತಹ ಮಣ್ಣಿನಲ್ಲಿ ಮಿಣುಕುಹುಳುವಿನ ಮರಿಗಳು ಊಟ ಬಿಟ್ಟು ಸಾಯುತ್ತವೆಂದು 2021ರಲ್ಲಿ ಅಮೆರಿಕದಲ್ಲಿ ಪ್ರಕಟವಾದ ಪ್ರಯೋಗಗಳು ತೋರಿಸಿವೆ.

ಹಾಗಾದರೆ ಹುಳುಗಳನ್ನು ಬೇರೆ ಕಡೆಯಿಂದ ತಂದು ಬಿಡೋಣವೇ ಎಂದು ಯಾರಾದರೂ ಕೇಳಬಹುದು. ಸಿಂಹಳದ ಹುಳುವನ್ನು 1950ರ ದಶಕದಲ್ಲಿ ಹವಾಯಿ ದ್ವೀಪಗಳಿಗೆ ಒಯ್ದು ಬಿಟ್ಟುದೂ ಉಂಟು. ಅದೇ ಕಾಲದಲ್ಲಿ, 1955ರಲ್ಲಿ, ಅದೇ ಉದ್ದೇಶಕ್ಕಾಗಿ ಅಲ್ಲಿಗೆ ತಂದ ಅಮೆರಿಕದ ಮಾಂಸಾಹಾರಿ ಬಸವನಹುಳುವೊಂದು ದೊಡ್ಡ ಬಸವನಹುಳುವನ್ನು ಬಿಟ್ಟು, ಹವಾಯಿಯ ಮರಗಳ ಮೇಲೆ ಮಾತ್ರ ಬದುಕುತ್ತಿದ್ದ ಸುಂದರವಾದ ನಿರುಪದ್ರವಿ ಬಸವನಹುಳುಗಳ ಎಷ್ಟೋ ಜಾತಿಗಳನ್ನು ನಿರ್ನಾಮ ಮಾಡಿತು. ತಂದು ಬಿಡುವುದಕ್ಕಿಂತ ಇದ್ದುದನ್ನು ಇರಗೊಡುವುದು ಮೇಲು, ಖರ್ಚೂ ಕಡಿಮೆ.

ಬೀದರದ ನೆಲ ಈ ಹುಳುವಿಗೆ ಸಹಜವಾಗಿ ಅನುಕೂಲವಾಗಿರುವುದೊಂದು ವಿಶೇಷ. ಊರು ನಿಂತಿರುವುದು ಕೆಂಪು ಜಂಬಿಟ್ಟಿಗೆಯ ಪ್ರಸ್ಥಭೂಮಿಯ ಮೇಲೆ. ಜಂಬಿಟ್ಟಿಗೆ ರಂಧ್ರಮಯವಾದ ಕಲ್ಲು. ಮಳೆಯ ನೀರು ಅದರೊಳಗೆ ಇಳಿದು, ಕೆಳಗಿನ ಗಟ್ಟಿಯಾದ ಕರಿಗಲ್ಲನ್ನು ಮುಟ್ಟಿದಾಗ ಅಡ್ಡಹರಿದು, ದಿಬ್ಬದ ಅಂಚಿನಲ್ಲಿ ಝರಣಿಯಾಗಿ ಜಿನುಗುತ್ತದೆ. ಬಹಮನಿ ಅರಸರ ಕಾಲದಲ್ಲಿ ನೌಬಾದಿನಲ್ಲಿ ತೋಡಿದ ಸುರಂಗಬಾವಿಯೂ ಈ ಗುಣವನ್ನು ಬಳಸಿಕೊಂಡುದೇ. ಸುತ್ತಲಿನ ಕಪ್ಪು ನೆಲ ಬೇಸಗೆಯಲ್ಲಿ ಬಿರುಕು ಬಿಟ್ಟು ನಿಂತಾಗಲೂ ಇಂತಹ ಜಿನುಗಿನ ಆಸುಪಾಸಿನ ಮಣ್ಣು ತಂಪಾಗಿರುತ್ತದೆ. ಬಸವನಹುಳುವಿಗೂ ಅದರ ಬೇಟೆಗಾರನಿಗೂ ಬೇಕಾದುದು ಇದೇ ತಂಪು. ಮೈಲೂರ ಈಗ ನಗರದೊಳಗೆ ಸೇರಿದ ಬಡಾವಣೆ. ಇಂತಹ ಬಡಾವಣೆಗಳಲ್ಲಿ ಖಾಲಿ ನಿವೇಶನದ ಹುಲ್ಲು, ಹಳೆಯ ಬಾವಿಯ ಕಟ್ಟೆ, ಮಳೆನೀರು ಹರಿಯುವ ತಗ್ಗು, ಇವೇ ಆ ಹಳೆಯ ನೆಲದ ಉಳಿದ ತುಣುಕುಗಳು. ನಾವು ಅವನ್ನು ಕಸದ ಜಾಗವೆಂದು ಕರೆದು, ಫರಸಿ ಹಾಸಿ, ಮೇಲೊಂದು ಬಿಳಿಯ ದೀಪ ನಿಲ್ಲಿಸುತ್ತೇವೆ.

ದೀಪದ ಮಾತೂ ಮುಖ್ಯವಾದುದೇ. 2020ರಲ್ಲಿ ಹಲವು ದೇಶಗಳ ಮಿಣುಕುಹುಳು ತಜ್ಞರ ಅಭಿಪ್ರಾಯಗಳನ್ನು ಕೂಡಿಸಿದಾಗ ಅವರು ಹೇಳಿದ ಅಪಾಯಗಳಲ್ಲಿ ಮೊದಲನೆಯದು ನೆಲೆಯ ನಾಶ. ಅದರ ಬೆನ್ನಿಗೆ ಕೃತಕ ಬೆಳಕು ಮತ್ತು ಕೀಟನಾಶಕ. ಬೀದಿದೀಪದ ಕೆಳಗೆ ಹೆಣ್ಣು ಹೊಳೆದರೂ ಗಂಡಿಗೆ ಕಾಣಿಸುವುದಿಲ್ಲ. ಬೀದಿದೀಪವೇ ಬೇಡವೆನ್ನುವುದು ಅವಿವೇಕ. ಕತ್ತಲಲ್ಲಿ ನಡೆಯುವ ಹೆಣ್ಣುಮಕ್ಕಳಿಗೆ, ಮುದುಕರಿಗೆ ಅದು ಬೇಕೇ ಬೇಕು. ಆದರೆ ದೀಪಕ್ಕೆ ಮುಚ್ಚಳ ಹಾಕಿ ಬೆಳಕನ್ನು ರಸ್ತೆಯ ಮೇಲಷ್ಟೇ ಬೀಳಿಸಬಹುದು. ಯಾರೂ ಇಲ್ಲದ ಆಟದ ಬಯಲನ್ನು ಇಡೀ ರಾತ್ರಿ ಹಗಲು ಮಾಡುವುದರಿಂದ ಯಾರಿಗೂ ಉಪಕಾರವಿಲ್ಲ, ವಿದ್ಯುತ್ತಿನ ಬಿಲ್ಲೊಂದು ಬರುತ್ತದೆ.

ಗೀಜಗನ ಹಕ್ಕಿ ತನ್ನ ಗೂಡಿನಲ್ಲಿ ಹಸಿಮಣ್ಣಿನ ಮುದ್ದೆಗೆ ಮಿಣುಕುಹುಳುಗಳನ್ನು ಅಂಟಿಸಿ ದೀಪ ಮಾಡಿಕೊಳ್ಳುತ್ತದೆಂದು ಹಳ್ಳಿಗಳಲ್ಲಿ ಹೇಳುವುದನ್ನು ಕೇಳಿರುವಿರಿ. ಗೂಡಿನಲ್ಲಿ ಮಣ್ಣಿನ ಮುದ್ದೆಯಿರುವುದು ನಿಜ, ದೀಪದ ಮಾತು ಕಟ್ಟುಕಥೆ. ಹಕ್ಕಿ ಮಾಡದ ಆ ಕೆಲಸವನ್ನು ಸೀಸೆಯೊಳಗೆ ಹುಳು ತುಂಬುವ ಹುಡುಗರು ಮಾಡುತ್ತಾರೆ! ದೊಡ್ಡವರೂ ಹಿಂದೆ ಬಿದ್ದಿಲ್ಲ. ಮಹಾರಾಷ್ಟ್ರದ ಭಂಡಾರದರಾ, ಪುರುಷವಾಡಿಗಳಲ್ಲಿ ಮಳೆಗಾಲಕ್ಕೆ ಮುಂಚೆ ಮಿಣುಕುಹುಳುಗಳನ್ನು ನೋಡಲು ಜನಜಂಗುಳಿ ನೆರೆಯುತ್ತದೆ. ಹಳ್ಳಿಯವರಿಗೆ ನಾಲ್ಕು ಕಾಸು ದೊರೆಯುವುದು ಒಳ್ಳೆಯದೇ. ಆದರೆ ಮರದ ಮೇಲಿನ ಬೆಳಕನ್ನು ನೋಡುತ್ತ ನಡೆಯುವವರ ಕಾಲ ಕೆಳಗೇ ಮೊಟ್ಟೆಯಿಡುವ ಹೆಣ್ಣೂ ಮರಿಹುಳುವೂ ಇರುತ್ತವೆಂಬುದು ಎಷ್ಟು ಜನಕ್ಕೆ ತಿಳಿದಿದೆ?

ವಿದ್ಯಾರ್ಥಿಗಳಿಗೆ ಇಲ್ಲಿ ನಿಜವಾದ ಕೆಲಸವಿದೆ. ಅದಕ್ಕೆ ಪ್ರಯೋಗಶಾಲೆ ಬೇಡ. ಅಸ್ಸಾಮಿನ ಗುವಾಹಟಿ ವಿಶ್ವವಿದ್ಯಾನಿಲಯದ ಭೌತವಿಜ್ಞಾನಿಗಳು ತಮ್ಮ ಊರಿನ ಮಿಣುಕುಹುಳುಗಳ ಮಿನುಗನ್ನು ಸೂಕ್ಷ್ಮ ಉಪಕರಣಗಳಿಂದ ಅಳೆದಿದ್ದಾರೆ. ಮೈಲೂರಿನ ಹುಡುಗನಿಗೆ ಗಡಿಯಾರ, ಮಳೆಯ ದಿನಚರಿ, ಕೆಂಪು ಕಾಗದ ಸುತ್ತಿದ ಕೈದೀಪ ಇಷ್ಟು ಸಾಕು. ಮೊದಲ ಹುಳು ಕಂಡ ದಿನ ಯಾವುದು, ಅದಕ್ಕೆ ಮುಂಚೆ ಮಳೆ ಯಾವಾಗ ಬಿದ್ದಿತ್ತು, ಎಷ್ಟು ಸೆಕೆಂಡಿಗೊಮ್ಮೆ ಮಿನುಗುತ್ತದೆ, ಬೀದಿದೀಪದಿಂದ ಎಷ್ಟು ಹೆಜ್ಜೆ ದೂರದಲ್ಲಿ ಕಾಣಿಸಿತು ಎಂಬಿಷ್ಟನ್ನು ಬರೆದಿಡಬೇಕು. ಹಾರುವ ಹುಳುಗಳು ಮುಗಿದ ಮೇಲೆ, ಶ್ರಾವಣ ಭಾದ್ರಪದಗಳಲ್ಲಿ ಮಳೆ ನಿಂತ ಇರುಳು, ಹೊಲದ ಬದುವಿನ ಬಳಿ ದೀಪವಾರಿಸಿ ಸ್ವಲ್ಪ ಹೊತ್ತು ಕುಳಿತು ನೆಲವನ್ನು ನೋಡಬೇಕು. ಹಾವುಗಳ ಭಯವಿರುವುದರಿಂದ ಬೂಟು ಹಾಕಿಕೊಂಡು, ಹಿರಿಯರೊಬ್ಬರನ್ನು ಜೊತೆಗೆ ಕರೆದುಕೊಂಡು ಹೋಗತಕ್ಕದ್ದು. ಹುಲ್ಲಿನ ಬುಡದಲ್ಲಿ ಮಿನುಗದೆ, ಮಂದವಾಗಿ ಹೊತ್ತಿ ಮೆಲ್ಲನೆ ಆರುವ ಎರಡು ಹಸಿರು ಚುಕ್ಕೆಗಳು ಕಂಡರೆ ಅದೇ ಮರಿ. ಹತ್ತಿರದಲ್ಲಿ ಖಾಲಿ ಶಂಖವೊಂದು ಬಿದ್ದಿದೆಯೇ ಎಂಬುದನ್ನೂ ನೋಡಿ, ಇದ್ದರೆ ಅದರ ಅಳತೆಯನ್ನು ಬರೆದುಕೊಳ್ಳಬೇಕು.